ಬೆಳಗು: ಒಂದು ಮಾತಿನ ಬಾಳು

ನಮ್ಮ ಸಂಘದ ಈ ಸಮ್ಮೇಳನದ ಆಮಂತ್ರಣ ಪತ್ರಿಕೆಯ ಕರಡನ್ನು ಬರೆದುಕೊಡುವ ಕೆಲಸ ನನ್ನ ಪಾಲಿಗೆ ಬಂದಿತ್ತು. 'ದೀಪ ಬೆಳಗುವವರು' ಎಂದು ಬರೆದು, ಮುಂದೆ ಅತಿಥಿಗಳ ಹೆಸರಿಗೆ ಸ್ಥಳ ಬಿಟ್ಟು ಕಳುಹಿಸಿದ್ದೆ. ಮುದ್ರಣಾಲಯದಿಂದ ಮೊದಲ ಪ್ರತಿ ತಿರುಗಿ ಬಂದಾಗ ಅದು 'ದೀಪ ಬೆಳಗಿಸುವವರು' ಎಂದಾಗಿತ್ತು. ತಿದ್ದಿದವರು ನನ್ನ ಹಳೆಯ ವಿದ್ಯಾರ್ಥಿಯೇ. ಕೇಳಿದಾಗ ಅವರು ವಿನಯದಿಂದಲೇ ಉತ್ತರಿಸಿದರು: "ಸರ್, ಬೆಳಗುವುದು ದೀಪ. ಅತಿಥಿಗಳು ಅದನ್ನು ಬೆಳಗಿಸುತ್ತಾರೆ. ನೀವೇ ಕಲಿಸಿದ ವ್ಯಾಕರಣ."

ವ್ಯಾಕರಣದ ಮಾತು ಬಂದರೆ ಹೆಡ್‌ಮಾಸ್ತರನಾದವನು ಸುಮ್ಮನಿರಲಾರ. ಅವರು ಹೇಳಿದ್ದರಲ್ಲಿ ತಪ್ಪಿಲ್ಲವೆಂದು ಒಪ್ಪಿಕೊಂಡೆ. ಆದರೆ ಕಿವಿ ಒಪ್ಪಲಿಲ್ಲ. ಎರಡು ಅಕ್ಷರಗಳ ಈ ವ್ಯತ್ಯಾಸ ನನ್ನನ್ನು ಹಲವು ದಿನ ಕಾಡಿತು. ಹುಡುಕುತ್ತ ಹೋದಂತೆ ಆ ಒಂದು ಮಾತಿನ ಹಿಂದೆ ನಮ್ಮ ಈ ಗಡಿಭಾಗದ ಚರಿತ್ರೆಯೇ ಬಂದು ನಿಂತಿತು. ಅದನ್ನು ಸಂಘದ ಬಂಧುಗಳ ಮುಂದೆ ಇಡುವುದಕ್ಕಾಗಿ ಈ ಲೇಖನ.

ಮೊದಲು ವ್ಯಾಕರಣವನ್ನೇ ಮುಗಿಸಿಬಿಡೋಣ. 'ಬೆಳಗು' ಎಂಬ ಧಾತು ಅಕರ್ಮಕವೂ ಹೌದು, ಸಕರ್ಮಕವೂ ಹೌದು. ಸೂರ್ಯನು ಬೆಳಗುತ್ತಾನೆ ಎನ್ನುವಾಗ ಅದಕ್ಕೆ ಕರ್ಮ ಬೇಡ. ಆರತಿಯನ್ನು ಬೆಳಗಿದಳು ಎನ್ನುವಾಗ ಕರ್ಮವಿದೆ. ಕನ್ನಡದಲ್ಲಿ ಇಂಥ ಧಾತುಗಳು ಹಲವಿವೆ. ಕೋಲು ಮುರಿಯಿತು, ಕೋಲನ್ನು ಮುರಿದನು. ಕೈ ಸುಟ್ಟಿತು, ರೊಟ್ಟಿ ಸುಟ್ಟಳು. ಬಾಗಿಲು ತೆರೆಯಿತು, ಬಾಗಿಲನ್ನು ತೆರೆದನು. 'ರೊಟ್ಟಿ ಸುಡಿಸಿದಳು' ಎಂದರೆ ತಾನು ಕುಳಿತು ಇನ್ನೊಬ್ಬಳ ಕೈಯಿಂದ ಸುಡಿಸಿದಳು ಎಂದೇ ನಮಗೆ ಕೇಳಿಸುತ್ತದೆ. 'ಬೆಳಗಿಸು' ಎಂಬ ಪ್ರೇರಣಾರ್ಥಕ ರೂಪಕ್ಕೆ ಎರಡು ದಾರಿಗಳಿವೆ. ದೀಪ ತಾನು ಬೆಳಗುವಂತೆ ಮಾಡುವುದು ಒಂದು. ಇನ್ನೊಬ್ಬರಿಂದ ಬೆಳಗುವ ಕೆಲಸ ಮಾಡಿಸುವುದು ಇನ್ನೊಂದು. ನನ್ನ ವಿದ್ಯಾರ್ಥಿ ಮೊದಲನೆಯ ದಾರಿಯಲ್ಲಿದ್ದರು, ನನ್ನ ಕಿವಿ ಎರಡನೆಯದರಲ್ಲಿತ್ತು. ಇಂದಿನ ಪತ್ರಿಕೆಗಳಲ್ಲಿ ಎರಡೂ ನಡೆಯುತ್ತವೆ. ಹಾಗಾದರೆ ನನ್ನ ಕಿವಿಗೆ ಈ ಹಟ ಎಲ್ಲಿಂದ ಬಂತು?

ಈ ಪದದ ಬೇರು 'ಬೆಳ್' ಎಂಬುದು, ಅಂದರೆ ಬಿಳುಪು. ಬೆಳಕು, ಬೆಳ್ಳಿ, ಬೆಳ್ದಿಂಗಳು, ಬೆಳ್ಳಕ್ಕಿ, ಬೆಳ್ಳುಳ್ಳಿ ಇವೆಲ್ಲ ಒಂದೇ ಮನೆಯ ಮಕ್ಕಳು. ಶ್ರವಣಬೆಳಗೊಳದ ಹೆಸರಿನಲ್ಲಿರುವುದೂ ಇದೇ ಬಿಳುಪು. ಬೆಳ್ ಮತ್ತು ಕೊಳ ಸೇರಿ ಬಿಳಿಯ ಕೊಳವಾಯಿತು, ಸಂಸ್ಕೃತದಲ್ಲಿ ಅದನ್ನು ಧವಳಸರಸ್ಸೆಂದು ಕರೆದರು. ಇಲ್ಲಿ ಒಂದು ಎಚ್ಚರಿಕೆಯ ಮಾತು. ನಮ್ಮಲ್ಲಿ ಕೆಲವರು ಬೆಳಗಾವಿಯನ್ನೂ ಈ ಮನೆಗೆ ಸೇರಿಸಿ 'ಬೆಳಗುವ ಊರು' ಎಂದು ಭಾಷಣ ಮಾಡುವುದುಂಟು. ಕೇಳಲು ಇಂಪಾದರೂ ಅದು ಸರಿಯಲ್ಲ. ಶಾಸನಗಳಲ್ಲಿ ಆ ಊರು ವೇಣುಗ್ರಾಮ, ಬಿದಿರಿನ ಊರು. ಪದಗಳ ಚರಿತ್ರೆಯಲ್ಲಿ ಧ್ವನಿಯ ಹೋಲಿಕೆಯೊಂದನ್ನೇ ನಂಬಿದರೆ ದಾರಿ ತಪ್ಪುತ್ತೇವೆ.

ರೆವರೆಂಡ್ ಕಿಟ್ಟೆಲ್ ಅವರ ಕನ್ನಡ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಪ್ರಕಾಶಿಸು, ಪ್ರಕಾಶಿಸುವಂತೆ ಮಾಡು, ಲೋಹವನ್ನು ಉಜ್ಜಿ ಹೊಳೆಯಿಸು, ದೇವರ ಮುಂದೆ ದೀಪವನ್ನು ಎತ್ತಿ ಆಡಿಸು, ನಾಮಪದವಾಗಿ ಕಾಂತಿ ಮತ್ತು ಮುಂಜಾವು, ಇಷ್ಟೂ ಅರ್ಥಗಳು ಆ ನಿಘಂಟಿನಲ್ಲಿ 'ಬೆಳಗು' ಎಂಬ ಮಾತಿನ ಕೆಳಗೆ ಒಟ್ಟಿಗೆ ಕೂತಿವೆ. ಆಕಾಶದ ಸೂರ್ಯ, ಗರ್ಭಗುಡಿಯ ಆರತಿ, ಬಚ್ಚಲ ಕಲ್ಲಿನ ಮೇಲಿನ ಹಿತ್ತಾಳೆಯ ಕೊಡ, ಈ ಮೂರಕ್ಕೂ ಒಂದೇ ಕ್ರಿಯಾಪದ ಸಾಕೆಂದು ನಮ್ಮ ಹಿರಿಯರು ತೀರ್ಮಾನಿಸಿದ್ದರು.

ಇದು ಕನ್ನಡಕ್ಕೆ ಮಾತ್ರ ಸೇರಿದ ಸೊಬಗೆಂದು ನಾನು ತಿಳಿದಿದ್ದೆ. ತಮಿಳು ಬಲ್ಲ ಸ್ನೇಹಿತರೊಬ್ಬರು ಆ ಗರ್ವವನ್ನು ಇಳಿಸಿದರು. ತಮಿಳಿನಲ್ಲಿ 'ವಿಳಕ್ಕು' ಎಂದರೆ ದೀಪ. ಅದೇ ಮಾತು ಕ್ರಿಯಾಪದವಾದಾಗ ಪಾತ್ರೆ ತಿಕ್ಕುವುದು, ಹಲ್ಲು ಉಜ್ಜುವುದು, ಒಂದು ವಿಷಯವನ್ನು ತಿಳಿಯಾಗಿ ಬಿಡಿಸಿ ಹೇಳುವುದು. ಅವರ 'ವಿಳಕ್ಕಂ' ನಮ್ಮ ವಿವರಣೆ. ತೆಲುಗರಲ್ಲಿ 'ವೆಲುಗು' ಬೆಳಕೂ ಹೌದು, ಬೆಳಗುವುದೂ ಹೌದು. ನಮ್ಮ ಉದಗೀರದ ಪೇಟೆಗೆ ತೆಲಂಗಾಣದ ಕಡೆಯಿಂದ ಬರುವವರ ಬಾಯಲ್ಲಿ ಈ ಮಾತನ್ನು ನಾವೇ ಕೇಳಬಹುದು. ಅಂದರೆ ಬೆಳಕನ್ನೂ ತಿಕ್ಕುವುದನ್ನೂ ಒಂದೇ ಮಾತಿನಲ್ಲಿ ಕಾಣುವ ದೃಷ್ಟಿ ಬಹಳ ಹಳೆಯದು.

ಇನ್ನು ನಮ್ಮ ನೆರೆಯ, ಅಲ್ಲ, ನಮ್ಮ ಮನೆಯೊಳಗೇ ಇರುವ ಮರಾಠಿಯನ್ನು ನೋಡೋಣ. ಮೂವತ್ತಕ್ಕೂ ಹೆಚ್ಚು ವರ್ಷ ಮರಾಠಿ ಮಾಧ್ಯಮದ ಶಾಲೆಗಳಲ್ಲಿ ಪಾಠ ಹೇಳಿದವನಿಗೆ 'ಉಜಳಣೆ' ಎಂಬ ಮಾತು ಅಂಗೈ ನೆಲ್ಲಿ. ಸಂಸ್ಕೃತದ ಉಜ್ವಲದಿಂದ ಬಂದದ್ದು. ಅದೂ ಹೊಳೆಯುವುದು, ಹೊಳೆಯಿಸುವುದು ಎರಡಕ್ಕೂ ಸಲ್ಲುತ್ತದೆ. ದಾಗಿನ ಉಜಳತಾರೆ, ಹೆಸರು ಉಜಳತಾರೆ. ಅದರಿಂದ ಹುಟ್ಟಿದ 'ಉಜಳಣಿ' ಎಂಬ ಮಾತು ಮಾತ್ರ ಶಾಲೆಗೆ ಸೇರಿತು. ಮಗ್ಗಿಯ ಪುಸ್ತಕಕ್ಕೆ ಉಜಳಣಿ ಎನ್ನುತ್ತಾರೆ; ಕಲಿತ ಪಾಠವನ್ನು ಮತ್ತೊಮ್ಮೆ ತಿರುವಿಹಾಕುವುದಕ್ಕೂ ಉಜಳಣಿ ಎನ್ನುತ್ತಾರೆ. ಪಾಠವೂ ಹಿತ್ತಾಳೆಯ ಹಾಗೆ. ಬಿಟ್ಟರೆ ಕಪ್ಪಾಗುತ್ತದೆ, ತಿಕ್ಕಿದರೆ ಹೊಳೆಯುತ್ತದೆ. ಇಂಥ ಒಂದು ಮಾತು ಮರಾಠಿಯ ಶಾಲೆಗೆ ಒದಗಿತಲ್ಲ ಎಂದು ನನಗೆ ಎಷ್ಟೋ ಸಲ ಅಸೂಯೆಯಾದದ್ದುಂಟು.

ಆದರೆ ಆರತಿಯ ವಿಷಯದಲ್ಲಿ ಎರಡು ಭಾಷೆಗಳು ಬೇರೆ ಬೇರೆ ದಿಕ್ಕಿಗೆ ನೋಡುತ್ತವೆ. ಮರಾಠಿಯಲ್ಲಿ ಆರತಿಯನ್ನು 'ಓವಾಳಣೆ'. ಅಂದರೆ ಸುತ್ತ ತಿರುಗಿಸುವುದು, ನಿವಾಳಿಸುವುದು. ಭಾವಬೀಜದ ದಿನ ಅಕ್ಕತಂಗಿಯರು ಅಣ್ಣತಮ್ಮಂದಿರಿಗೆ ಓವಾಳುತ್ತಾರೆ, ತಟ್ಟೆಗೆ ಬೀಳುವ ಕಾಣಿಕೆ ಓವಾಳಣಿ. ಅಲ್ಲಿ ಲಕ್ಷ್ಯ ಕೈಯ ಚಲನೆಯ ಮೇಲೆ. ಕನ್ನಡದಲ್ಲಿ ಅದೇ ತಟ್ಟೆ, ಅದೇ ಕೈ, ಅದೇ ಸುತ್ತು. ಆದರೆ ನಾವು 'ಬೆಳಗುತ್ತೇವೆ'. ನಮ್ಮ ಲಕ್ಷ್ಯ ಆ ಬೆಳಕಿನಲ್ಲಿ ಕಾಣುವ ಮುಖದ ಮೇಲೆ. ಇದರಲ್ಲಿ ಯಾವುದು ಹೆಚ್ಚು, ಯಾವುದು ಕಡಿಮೆ ಎಂಬ ಮಾತಿಲ್ಲ. ಎರಡೂ ಮಾತುಗಳನ್ನು ಒಂದೇ ದಿನ ಒಂದೇ ಮನೆಯಲ್ಲಿ ಆಡುವವರು ನಾವು.

ನಮ್ಮ ಆಡುಮಾತಿನಲ್ಲಿ ಇನ್ನೊಂದು ಸೂಕ್ಷ್ಮವಿದೆ. ಸಂಜೆ ದೀಪವನ್ನು ನಾವು 'ಹಚ್ಚುತ್ತೇವೆ'. ಡಿ. ಎಸ್. ಕರ್ಕಿಯವರ 'ಹಚ್ಚೇವು ಕನ್ನಡದ ದೀಪ' ಎಲ್ಲ ಕನ್ನಡ ಸಂಘಗಳ ನಾಲಿಗೆಯ ಮೇಲಿದೆ. ಬೆಳಗಾವಿ ಸೀಮೆಯ ಆ ಕವಿಗೂ ಹಚ್ಚುವುದೇ ಸಹಜವಾಗಿತ್ತು. ಹಚ್ಚುವುದು ಒಂದು ಕ್ಷಣದ ಕೆಲಸ, ಬತ್ತಿಗೆ ಕಿಡಿ ತಗುಲಿದರೆ ಆಯಿತು. ಬೆಳಗುವುದು ಹಿಡಿದು ನಿಲ್ಲುವ ಕೆಲಸ. ಮದುವೆಯ ಮನೆಯಲ್ಲಿ ಐದು ಜನ ಮುತ್ತೈದೆಯರು ಆರತಿ ಬೆಳಗುವಾಗ ದೀಪ ಮೊದಲೇ ಹಚ್ಚಿರುತ್ತದೆ.

ಈಗ ಕಲ್ಲಿನ ಬರಹಗಳ ಕಡೆ ಹೋಗೋಣ. ಕನ್ನಡ ನಾಡು ಕಾವೇರಿಯಿಂದ ಗೋದಾವರಿಯವರೆಗೆ ಹರಡಿತ್ತೆಂದು ಒಂಬತ್ತನೆಯ ಶತಮಾನದ ಕವಿರಾಜಮಾರ್ಗ ಹೇಳುವುದನ್ನು ನಾವೆಲ್ಲ ಶಾಲೆಯಲ್ಲಿ, ಅಥವಾ ನನ್ನಂತೆ ಶಾಲೆ ಬಿಟ್ಟ ಮೇಲೆ, ಓದಿದ್ದೇವೆ. ಗೋದಾವರಿ ನಮಗೆ ಉತ್ತರಕ್ಕಿದೆ. ನಾವು ಕುಡಿಯುವುದು ಮಾಂಜರಾ, ತೇರಣಾ ನದಿಗಳ ನೀರು. ಹನ್ನೊಂದು ಹನ್ನೆರಡನೆಯ ಶತಮಾನದಲ್ಲಿ ಈ ಸೀಮೆಯನ್ನು ಆಳಿದವರ ರಾಜಧಾನಿ ನಮ್ಮ ನೆರೆಯ ಕಲ್ಯಾಣ. ನಿಲಂಗಾದ ನೀಲಕಂಠೇಶ್ವರ, ಉಮರ್ಗಾದ ಮಹಾದೇವ ದೇವಾಲಯಗಳ ಕಂಬಗಳ ಮುಂದೆ ನಿಂತವರಿಗೆ ಲಕ್ಕುಂಡಿ, ಇಟಗಿಗಳ ನೆನಪಾಗದೆ ಇರದು. ನಾಂದೇಡ ಜಿಲ್ಲೆಯ ದೇಗಲೂರ ತಾಲೂಕಿನ ಹೊಟ್ಟಲದಲ್ಲಿ ಚಾಲುಕ್ಯರ ಕಾಲದ ದೇವಾಲಯಗಳ ಜೊತೆಗೆ ಕನ್ನಡ ಶಾಸನಗಳೂ ಇವೆ. ಆ ಜಿಲ್ಲೆಯ ಶಾಸನಗಳನ್ನು ಡಾ. ಶ್ರೀನಿವಾಸ ರಿತ್ತಿ ಮತ್ತು ಜಿ. ಸಿ. ಶೆಳಕೆ ಅವರು ಕಲೆಹಾಕಿ 1968ರಲ್ಲಿ ಪ್ರಕಟಿಸಿದರು. ಸೊಲ್ಲಾಪುರ ಜಿಲ್ಲೆಯ ಶಾಸನಗಳಿಗಾಗಿ ರಿತ್ತಿಯವರ ಜೊತೆ ದುಡಿದವರು ಆನಂದ ಕುಂಭಾರ. ಊರೂರು ಅಲೆದು, ಹಾಳು ಗುಡಿಗಳ ಗೋಡೆ ಸವರಿ ಅಕ್ಷರ ಹುಡುಕಿದ ಇಂಥವರ ಋಣ ಗಡಿನಾಡಿನ ಕನ್ನಡಿಗರ ಮೇಲೆ ದೊಡ್ಡದಿದೆ.

ಚಾಲುಕ್ಯರ ಕಾಲದ ದಾನಶಾಸನಗಳನ್ನು ಓದಿದವರಿಗೆ ಒಂದು ಕ್ರಮ ಪರಿಚಿತವಾಗಿರುತ್ತದೆ. ದೇವರ ಅಂಗಭೋಗಕ್ಕೆ, ರಂಗಭೋಗಕ್ಕೆ, ನೈವೇದ್ಯಕ್ಕೆ, ಖಂಡಸ್ಫುಟಿತ ಜೀರ್ಣೋದ್ಧಾರಕ್ಕೆ ಎಂದು ಭೂಮಿಯನ್ನೋ ಸುಂಕವನ್ನೋ ಬಿಡುವಾಗ ಅದರ ನಡುವೆ 'ನಂದಾದೀವಿಗೆಗೆ' ಎಂಬ ಮಾತು ಬಂದೇ ಬರುತ್ತದೆ. ದೀವಿಗೆ ಸಂಸ್ಕೃತದ ದೀಪಿಕಾ ಎಂಬುದರ ತದ್ಭವ. ನಂದು ಎಂದರೆ ಆರಿಹೋಗು. ನಂದದೆ ಉರಿಯುವುದು ನಂದಾದೀವಿಗೆ ಎಂದು ಬಿಡಿಸುವುದುಂಟು. ದೀಪಕ್ಕೆ ಹಳಗನ್ನಡದ ಅಚ್ಚ ದೇಸಿ ಮಾತು 'ಸೊಡರ್'. ಅದು ಸುಡು ಎಂಬುದರ ಬಳಗ, ತಮಿಳಿನಲ್ಲಿ 'ಸುಡರ್'. ಈಗ ಸೊಡರು ಕವಿತೆಯಲ್ಲಿ ಮಾತ್ರ ಉಳಿದಿದೆ. ಹಣತೆ ಮಾತ್ರ ನಮ್ಮ ಮರಾಠಿ ನೆರೆಯವರಲ್ಲಿ ಪಣತಿಯಾಗಿ ದೀಪಾವಳಿಗೊಮ್ಮೆ ಪೇಟೆಯಲ್ಲಿ ರಾಶಿ ಬೀಳುತ್ತದೆ.

ದೀಪಕ್ಕೆ ಎಣ್ಣೆ ಎಲ್ಲಿಂದ? ಶಾಸನಗಳು ಇದನ್ನು ಬಹು ವ್ಯವಸ್ಥಿತವಾಗಿ ಹೇಳುತ್ತವೆ. ಗಾಣದವರು, ಅಂದರೆ ತೆಲ್ಲಿಗರು, 'ಐವತ್ತೊಕ್ಕಲು' ಎಂಬ ತಮ್ಮ ಸಂಘದ ಹೆಸರಿನಲ್ಲಿ ಒಟ್ಟಾಗಿ ಬಂದು, ಗಾಣಕ್ಕೆ ಇಷ್ಟು ಸೊಲಗೆ, ಇಷ್ಟು ಮಾನ ಎಣ್ಣೆಯನ್ನು ದೇವರ ದೀಪಕ್ಕೆ ಬಿಟ್ಟುಕೊಡುತ್ತಾರೆ. ತಮಿಳುನಾಡಿನ ಚೋಳರ ಶಾಸನಗಳಲ್ಲಿ ಲೆಕ್ಕ ಕುರಿಗಳಲ್ಲಿ ನಡೆಯುತ್ತದೆ. ಒಂದು 'ನಂದಾವಿಳಕ್ಕು' ಸದಾ ಉರಿಯಲು ಸಾಮಾನ್ಯವಾಗಿ 96 ಕುರಿಗಳನ್ನು ಕುರುಬರಿಗೆ ಒಪ್ಪಿಸುತ್ತಿದ್ದರು. ಅವರು ದಿನಕ್ಕೆ ಒಂದು ಉಳಕ್ಕು ತುಪ್ಪ ಅಳೆದುಕೊಡಬೇಕು. ಕುರಿಗಳು ಸಾಯದೆ ಮುದಿಯಾಗದೆ ಇರಬೇಕೆಂಬ ಷರತ್ತು ಬೇರೆ. ಅಂದರೆ ಸತ್ತದ್ದಕ್ಕೆ ಬದಲಾಗಿ ಮರಿಯನ್ನು ತುಂಬಿಕೊಳ್ಳುತ್ತ ಸಂಖ್ಯೆಯನ್ನು ಕಾಯಬೇಕು. ಚಂದ್ರಸೂರ್ಯರಿರುವವರೆಗೆ ಒಂದು ದೀಪ ಉರಿಯಬೇಕಾದರೆ ಎಷ್ಟು ಜನರ ದುಡಿಮೆ ಬೇಕೆಂಬುದನ್ನು ಆ ಕಾಲದವರು ಚೆನ್ನಾಗಿ ಬಲ್ಲವರಾಗಿದ್ದರು.

ಇಷ್ಟಾದರೂ ಶಾಸನದಲ್ಲಿ ಒಂದು ಸಂಗತಿ ಬಿಟ್ಟುಹೋಗುತ್ತದೆ. ಭೂಮಿ ಕೊಟ್ಟವರ ಹೆಸರಿದೆ, ಎಣ್ಣೆ ಕೊಟ್ಟವರ ಹೆಸರಿದೆ, ದಾನಕ್ಕೆ ಅಳುಪಿದವರಿಗೆ ಶಾಪವಿದೆ. ರಾತ್ರಿಯೆಲ್ಲ ಉರಿದ ದೀಪದ ಕಂಬಕ್ಕೆ ಮರುದಿನ ಹತ್ತಿರುವ ಮಸಿಯನ್ನೂ ಜಿಡ್ಡನ್ನೂ ತಿಕ್ಕಿ ತೆಗೆಯುವ ಕೈಯನ್ನು ದಾನಪಟ್ಟಿಯಲ್ಲಿ ನಾನು ಕಂಡಿಲ್ಲ. ಎಣ್ಣೆಯ ದೀಪವನ್ನು ದಿನವೂ ಬಳಸಿದವರಿಗೆ ಗೊತ್ತು, ತಿಕ್ಕದ ಸಮೆಯಲ್ಲಿ ದೀಪ ಚೆನ್ನಾಗಿ ಉರಿಯುವುದಿಲ್ಲ. ಬತ್ತಿಯ ಬಾಯಿ ಕಟ್ಟುತ್ತದೆ, ಎಣ್ಣೆ ಅಂಟಾಗುತ್ತದೆ. ನನ್ನ ತಾಯಿ ಪ್ರತಿ ಸೋಮವಾರ ದೇವರ ಸಮೆಯನ್ನು ಹುಣಸೆಹಣ್ಣು, ಒಲೆಯ ಬೂದಿ ಹಚ್ಚಿ ಬೆಳಗಿ, ನಂತರ ಕುಸುಬೆ ಎಣ್ಣೆ ಹಾಕಿ ದೀಪ ಹಚ್ಚಿ, ಸಂಜೆ ಅದರಿಂದಲೇ ಆರತಿ ಬೆಳಗುತ್ತಿದ್ದಳು. ಒಂದು ದಿನದಲ್ಲಿ ಒಂದು ವಸ್ತುವನ್ನು ಎರಡು ಅರ್ಥದಲ್ಲಿ ಬೆಳಗಿದಂತಾಯಿತು. ಅವಳಿಗೆ ಅದು ಎರಡು ಅರ್ಥವೆಂದು ಎಂದಾದರೂ ಅನ್ನಿಸಿತ್ತೋ ಇಲ್ಲವೋ.

ಬಸವಣ್ಣನವರ ಕಾಲದ ಶರಣರು ಈ ಮಾತನ್ನು ಎತ್ತಿಕೊಂಡು ಅದಕ್ಕೆ ಅದುವರೆಗೆ ಇಲ್ಲದ ಎತ್ತರವನ್ನು ಕೊಟ್ಟರು. ವಚನಗಳ ಪರಿಭಾಷೆಯಲ್ಲಿ 'ಬೆಳಗು', 'ಮಹಾಬೆಳಗು' ಎಂದರೆ ಪರವಸ್ತು. 'ಬಯಲು' ಎಂಬ ಮಾತಿನಂತೆಯೇ ಇದೂ ಅಡುಗೆಮನೆ, ಹಿತ್ತಲು, ಹೊಲಗಳಿಂದ ಅನುಭವಮಂಟಪಕ್ಕೆ ಬಂದದ್ದು. ಸಂಸ್ಕೃತದ ಪರಂಜ್ಯೋತಿ, ಪ್ರಕಾಶ, ತೇಜಸ್ಸು ಮುಂತಾದ ಪದಗಳು ಕೈಯಳತೆಯಲ್ಲೇ ಇದ್ದರೂ ಅವರು ಪಾತ್ರೆ ತಿಕ್ಕುವವಳ ಮಾತನ್ನು ಆರಿಸಿದರು. ಕಾಯಕವೇ ಪೂಜೆಯೆಂದು ಬಗೆದವರಿಗೆ ಈ ಆಯ್ಕೆ ಕಷ್ಟವಾಗಿರಲಾರದು. ಗಾಣ ತಿರುಗಿಸುವ ಕಣ್ಣಪ್ಪನೂ ಅವರ ನಡುವೆ ವಚನಕಾರನೆನಿಸಿದ. ನಾಂದೇಡ ಜಿಲ್ಲೆಯ ಕಂಧಾರದಲ್ಲಿ ಉರಿಲಿಂಗದೇವರ ಮಠವಿತ್ತೆಂದೂ, ಅಲ್ಲಿಗೆ ಕಳ್ಳತನಕ್ಕೆ ಬಂದ ಪೆದ್ದಿಯೆಂಬವನು ಮನ ತಿರುಗಿ ಅವರ ಶಿಷ್ಯನಾಗಿ ಉರಿಲಿಂಗಪೆದ್ದಿಯಾದನೆಂದೂ ಶರಣರ ಚರಿತ್ರೆಗಳು ಹೇಳುತ್ತವೆ. ಕಂಧಾರ ನಮಗೆ ದೂರದ ಊರೇನಲ್ಲ. ಕಲ್ಯಾಣ ಒಂದು ಕಡೆ, ಕಂಧಾರ ಇನ್ನೊಂದು ಕಡೆ, ನಡುವೆ ನಾವು.

ನಮ್ಮ ಕಾಲಕ್ಕೆ ಬರುತ್ತೇನೆ. ನಿಲಂಗಾ, ಉದಗೀರ, ಅಹಮದಪುರ ತಾಲೂಕುಗಳು ನಿಜಾಮರ ಕಾಲದಲ್ಲಿ ಬೀದರ ಜಿಲ್ಲೆಗೆ ಸೇರಿದ್ದವು. 1948ರ ಸೆಪ್ಟೆಂಬರಿನಲ್ಲಿ ಹೈದರಾಬಾದು ಸಂಸ್ಥಾನ ಭಾರತಕ್ಕೆ ಸೇರಿತು. 1956ರ ನವೆಂಬರ್ 1ರಂದು ರಾಜ್ಯಗಳ ಪುನರ್ವಿಂಗಡಣೆಯಾದಾಗ ಬೀದರ ಮೈಸೂರಿಗೆ ಹೋಯಿತು, ಈ ಮೂರು ತಾಲೂಕುಗಳು ಮುಂಬಯಿ ರಾಜ್ಯಕ್ಕೆ ಬಂದು ಉಸ್ಮಾನಾಬಾದ ಜಿಲ್ಲೆಯನ್ನು ಸೇರಿದವು. 1960ರಲ್ಲಿ ಮಹಾರಾಷ್ಟ್ರವಾಯಿತು. 1982ರ ಆಗಸ್ಟಿನಲ್ಲಿ ಲಾತೂರ ಜಿಲ್ಲೆಯಾಯಿತು. ಇಂದು ಶಿರೂರ ಅನಂತಪಾಳವೂ ಒಂದು ತಾಲೂಕಿನ ಕೇಂದ್ರ. ನಮ್ಮ ತಂದೆಯ ಪೀಳಿಗೆಯವರು ಶಾಲೆಯಲ್ಲಿ ಉರ್ದು ಕಲಿತರು, ನಾವು ಮರಾಠಿ ಕಲಿತೆವು, ಮೊಮ್ಮಕ್ಕಳು ಇಂಗ್ಲಿಷ್ ಕಲಿಯುತ್ತಿದ್ದಾರೆ. ಮನೆಯ ಮಾತು ಮಾತ್ರ ಈ ಮೂರೂ ಪೀಳಿಗೆಯಲ್ಲಿ ಕನ್ನಡವೇ. ಬರೆಯಲು ಬಾರದ ಕನ್ನಡ. ನಾನು ಅಕ್ಷರ ಕಲಿತದ್ದು ಮಠದ ಹಳೆಯ ವಚನದ ಪುಸ್ತಕದಲ್ಲಿ, ಮೀಸೆ ಬಂದ ಮೇಲೆ.

ಬರಹದ ಆಸರೆಯಿಲ್ಲದೆ ಒಂದು ಭಾಷೆ ಬದುಕುವಾಗ ಅದು ಕೆಲಸಗಳನ್ನು ಹಿಡಿದುಕೊಂಡು ಬದುಕುತ್ತದೆ. ಕಚೇರಿಯ ಮಾತು ಹೋಯಿತು, ಪೇಟೆಯ ಮಾತು ಮುಕ್ಕಾಲು ಹೋಯಿತು. ಒಲೆ, ಬಚ್ಚಲು, ಗೋದಲಿ, ತೊಟ್ಟಿಲುಗಳ ಸುತ್ತ ಇದ್ದ ಮಾತು ಉಳಿಯಿತು. ಕೆಲವು ಕಡೆ ಅದು ಗಡಿ ದಾಟಿ ಮರಾಠಿಗರ ಹೊಲಕ್ಕೂ ಇಳಿಯಿತು. ಲಾತೂರ, ಧಾರಾಶಿವ ಜಿಲ್ಲೆಗಳಲ್ಲಿ ಎಲ್ಲರೂ ಆಚರಿಸುವ 'ವೇಳ ಅಮಾವಾಸ್ಯೆ' ಅಥವಾ 'ಯೇಳವಸ' ನಮ್ಮ ಎಳ್ಳ ಅಮಾವಾಸ್ಯೆಯೇ. ಹೊಲದಲ್ಲಿ ಅಂಬಲಿ, ಭಜ್ಜಿ ಉಂಡು, ಸಂಜೆಗೆ ಹೊತ್ತಿಸಿದ ಹುಲ್ಲಿನ ಪಂಜನ್ನು ಹಿಡಿದು ಹೊಲದ ಸುತ್ತ ಓಡುವುದನ್ನು ನಾವು ಬಾಲ್ಯದಲ್ಲಿ ಮಾಡಿದ್ದೇವೆ. ಆ ಹಬ್ಬದ ಹೆಸರು ಕನ್ನಡದ್ದೆಂದು ಹೇಳಿದರೆ ನನ್ನ ಮರಾಠಿ ಸಹೋದ್ಯೋಗಿಗಳು ಮೊದಲು ನಕ್ಕು, ನಂತರ ಒಪ್ಪಿಕೊಂಡಿದ್ದಾರೆ.

ಭಾಷೆಯ ಹಕ್ಕು ಹುಟ್ಟಿನಿಂದ ಬರುತ್ತದೆಂದು ವಾದಿಸುವವರಿಗೆ ನಾನು ವರಕವಿ ಬೇಂದ್ರೆಯವರನ್ನು ತೋರಿಸುತ್ತೇನೆ. ಅವರ ಮನೆಮಾತು ಮರಾಠಿ. 1944ರಿಂದ 1956ರವರೆಗೆ ಸೊಲ್ಲಾಪುರದ ಡಿ. ಎ. ವಿ. ಕಾಲೇಜಿನಲ್ಲಿ ಕನ್ನಡ ಕಲಿಸಿದರು. 1932ರ 'ಗರಿ' ಸಂಕಲನದಲ್ಲಿರುವ 'ಬೆಳಗು' ಎಂಬ ಅವರ ಕವಿತೆಯನ್ನು ಅರಿಯದ ಕನ್ನಡಿಗನಿಲ್ಲ. ಉತ್ತರ ಕರ್ನಾಟಕದ ದಿನಬಳಕೆಯಲ್ಲಿ ಬೆಳಗಿನ ಹೊತ್ತಿಗೆ ಮುಂಜಾನೆ, ನಸುಕು ಎನ್ನುವುದೇ ಹೆಚ್ಚು. ಆದರೂ ಆ ಮರಾಠಿ ಮನೆಯ ಕವಿ ಆರಿಸಿಕೊಂಡ ಶೀರ್ಷಿಕೆ 'ಬೆಳಗು'. ಕಾಲ, ಕಾಂತಿ, ಕ್ರಿಯೆ ಮೂರನ್ನೂ ಹೊತ್ತ ಮಾತು ಅದೊಂದೇ ಎಂದು ಅವರ ಕಿವಿ ಹೇಳಿರಬೇಕು.

ನಮ್ಮ ಕಡೆ ಆ ಅರ್ಥದಲ್ಲಿ 'ಬೆಳತನಕ' ಎಂಬ ಮಾತು ಇಂದಿಗೂ ಜೀವಂತವಾಗಿದೆ. ಬೆಳತನಕ ಭಜನೆ, ಬೆಳತನಕ ಬಯಲಾಟ, ಬೆಳತನಕ ರೋಗಿಯ ಹಾಸಿಗೆಯ ಬಳಿ ಕಾಯುವುದು. ಈ ಮಾತಿನ ತೂಕವನ್ನು ನಮ್ಮ ಪೀಳಿಗೆ ಅರಿತದ್ದು 1993ರ ಸೆಪ್ಟೆಂಬರ್ 30ರಂದು. ಹಿಂದಿನ ದಿನ ಗಣಪತಿ ವಿಸರ್ಜನೆ. ಊರೂರುಗಳಲ್ಲಿ ಜನ ತಡವಾಗಿ ಮಲಗಿದ್ದರು. ನಸುಕಿನ 3 ಗಂಟೆ 56 ನಿಮಿಷಕ್ಕೆ ಭೂಮಿ ನಡುಗಿತು. ಕಿಲ್ಲಾರಿ, ಸಾಸ್ತೂರ ಮೊದಲಾದ ಹಳ್ಳಿಗಳಲ್ಲಿ ಕಲ್ಲುಮಣ್ಣಿನ ದಪ್ಪ ಗೋಡೆಗಳು, ಮಾಳಿಗೆಗಳು ಮಲಗಿದವರ ಮೇಲೆಯೇ ಕುಸಿದವು. ಸತ್ತವರು ಸುಮಾರು ಹತ್ತು ಸಾವಿರ. ನಮ್ಮ ಓಣಿಯವರು ಹೊರಗೆ ಅಂಗಳದಲ್ಲಿ ನಿಂತಿದ್ದೆವು. ವಿದ್ಯುತ್ತು ಹೋಗಿತ್ತು. ಒಂದೆರಡು ಕಂದೀಲುಗಳಿದ್ದವು. ಯಾರೂ ಒಳಗೆ ಹೋಗುವ ಧೈರ್ಯ ಮಾಡಲಿಲ್ಲ. ಮುದುಕಿಯರು ಒಂದೇ ಮಾತನ್ನು ಆಡುತ್ತಿದ್ದರು: "ಬೆಳಗಾಗ್ಲಿ, ಬೆಳಗಾಗ್ಲಿ." ಬೆಳಗಾಯಿತು. ಮಧ್ಯಾಹ್ನದೊಳಗೆ ಕಿಲ್ಲಾರಿಯ ಕಡೆಯ ಸುದ್ದಿ ಒಂದೊಂದಾಗಿ ಬರತೊಡಗಿತು.

ಅದಾದ ಕೆಲವು ವಾರಗಳಿಗೆ ಶಾಲೆಯ ಕೆಲವು ಶಿಕ್ಷಕರೊಂದಿಗೆ ಬಟ್ಟೆ, ಕಾಳು ತೆಗೆದುಕೊಂಡು ನಾನೂ ಅತ್ತ ಹೋಗಿದ್ದೆ. ತಗಡಿನ ಶೆಡ್ಡುಗಳ ಸಾಲಿನ ಕೊನೆಯಲ್ಲಿ ಒಬ್ಬ ಹೆಂಗಸು ಕುಳಿತು, ಕಲ್ಲಿನ ರಾಶಿಯಿಂದ ತೆಗೆದ ಹಿತ್ತಾಳೆಯ ಕೊಡವೊಂದನ್ನು ಬೂದಿ ಹಚ್ಚಿ ತಿಕ್ಕುತ್ತಿದ್ದಳು. ಕೊಡ ಒಂದು ಬದಿಗೆ ಪೂರ್ತಿ ನೆಗ್ಗಿತ್ತು. ನೀರು ತರಲು ಬರುವಂತಿರಲಿಲ್ಲ. ನನ್ನೊಂದಿಗಿದ್ದ ಮರಾಠಿ ಶಿಕ್ಷಕರು ಸಹಾನುಭೂತಿಯಿಂದ, ಇದನ್ನು ಈಗ ಘಾಸುವುದೇಕೆ ಬಾಯಿ ಎಂದು ಮರಾಠಿಯಲ್ಲಿ ಕೇಳಿದರು. ಅವಳು ತಲೆಯೆತ್ತದೆ ಕನ್ನಡದಲ್ಲಿ, "ಬೆಳಗ್ಲಾಕತ್ತೀನಿ" ಎಂದಷ್ಟೇ ಹೇಳಿದಳು. ಅವರು ಅರ್ಥ ಕೇಳಿದಾಗ ನಾನು 'ಘಾಸತೆ' ಎಂದು ಅನುವಾದಿಸಿದೆ. ಅನುವಾದ ತಪ್ಪಲ್ಲ. ಆದರೆ ಅದು ಸಾಲದೆಂಬುದು ನನಗೆ ಆಗಲೇ ತಿಳಿದಿತ್ತು, ಹೆಚ್ಚೇನೂ ಹೇಳಲಾಗಲಿಲ್ಲ.

ಈಗ ನಮ್ಮ ಮನೆಗಳಲ್ಲಿ ಹಿತ್ತಾಳೆ ಅಟ್ಟ ಸೇರಿದೆ, ಸ್ಟೀಲು ಬಂದಿದೆ. ಬೂದಿಯ ಬದಲು ಸಾಬೂನಿನ ಬಿಲ್ಲೆ ಬಂದಿದೆ, ಅದರ ಜೊತೆಗೆ 'ಘಾಸು', 'ಧೂ' ಎಂಬ ಮಾತುಗಳೂ ಬಂದಿವೆ. ಕಳೆದ ದೀಪಾವಳಿಗೆ ಪುಣೆಯಿಂದ ಬಂದ ಮೊಮ್ಮಗಳಿಗೆ ಅವಳ ಅಜ್ಜಿ, ಅಟ್ಟದಿಂದ ಇಳಿಸಿದ ಪಾತ್ರೆಗಳನ್ನು ತೋರಿಸಿ, "ಬಾಂಡಿ ಬೆಳಗು ಬಾರವ್ವಾ" ಎಂದಳು. ಹುಡುಗಿ ಕಣ್ಣರಳಿಸಿ, "ಬಾಂಡಿಗಿ ಆರತಿ ಯಾಕ, ಆಯಿ?" ಎಂದು ಕೇಳಿದಳು. ಮನೆಮಂದಿಯೆಲ್ಲ ನಕ್ಕೆವು. ನಗು ನಿಂತ ಮೇಲೆ ನನಗೆ ಅನ್ನಿಸಿದ್ದು ಬೇರೆ. ಆ ಮಗುವಿಗೆ ಪದ ಗೊತ್ತಿತ್ತು, ಅದರ ಅರ್ಧ ಮಾತ್ರ ಗೊತ್ತಿತ್ತು. ಹಬ್ಬದ ಅರ್ಧ ಉಳಿದು, ದಿನದ ಅರ್ಧ ಬಿದ್ದುಹೋಗಿತ್ತು. 'ಬೆಳಗಿಸುವವರು' ಎಂದು ತಿದ್ದಿದ ನನ್ನ ವಿದ್ಯಾರ್ಥಿಗೂ ಆಗಿದ್ದು ಇದೇ ಇರಬೇಕು. ಅವರು ಈ ಮಾತನ್ನು ವೇದಿಕೆಯ ಮೇಲೆ ಕೇಳಿ ಬಲ್ಲರು, ಬಚ್ಚಲಲ್ಲಿ ಕೇಳಿ ಬಲ್ಲವರಲ್ಲ. 'ಪಾತ್ರೆ ಬೆಳಗಿಸಿದಳು' ಎಂಬ ವಾಕ್ಯ ಎಷ್ಟು ವಿಚಿತ್ರವೆಂದು ಒಮ್ಮೆ ಕೇಳಿಸಿಕೊಂಡವರಿಗೆ ದೀಪದ ವಿಷಯದಲ್ಲೂ ಕಿವಿ ತಾನೇ ಎಚ್ಚರವಾಗುತ್ತದೆ.

ಆದರೂ ಒಬ್ಬನೇ ತೀರ್ಮಾನಿಸುವುದು ಸರಿಯಲ್ಲವೆಂದು, ಆಮಂತ್ರಣ ಪತ್ರಿಕೆಯನ್ನು ಕೈಯಲ್ಲಿ ಹಿಡಿದುಕೊಂಡೇ ಹಿತ್ತಲಿಗೆ ಹೋದೆ. ಮನೆಯವರು ಬಿಸಿಲಿಗೆ ಒಣಗಲೆಂದು ಕೊಡ, ತಂಬಿಗೆ, ಸಮೆಗಳನ್ನು ಬೋರಲು ಹಾಕುತ್ತಿದ್ದರು. ಕಣ್ಣು ಕುಕ್ಕುವಂತೆ ಹೊಳೆಯುತ್ತಿದ್ದವು.

"ಈ ಕೊಡ ನೀ ಬೆಳಗೀದೇನು, ಬೆಳಗಿಸೀದೇನು?" ಎಂದು ಕೇಳಿದೆ.

"ಬೆಳಗಸ್ಲಾಕ ಆಳು ಎಲ್ಲಿ ಇದ್ದಾರ್ರೀ? ನಾನೇ ಬೆಳಗೀನಿ" ಎಂದರು, ಕೈಯ ಬೂದಿಯನ್ನು ಕೊಡವಿಕೊಳ್ಳುತ್ತ.

ಮುದ್ರಣಾಲಯಕ್ಕೆ ಫೋನು ಮಾಡಿದೆ. ಪತ್ರಿಕೆ ಅಷ್ಟರಲ್ಲಿ ಅಚ್ಚಾಗಿ ಹೋಗಿತ್ತು.